ಹೊಲದ ತೀರ್ಪು ಗಡಿಯ ತೀರ್ಪಿಗಾಗಿ ಕಾಯದು

ಅಕ್ಕಲಕೋಟೆ, ಜತ್ತ, ದಕ್ಷಿಣ ಸೊಲ್ಲಾಪುರ ತಾಲೂಕುಗಳ ಕನ್ನಡ ಬಾಂಧವರೇ,

1956ರಲ್ಲಿ ಭಾಷಾವಾರು ಪ್ರಾಂತಗಳಾದಾಗ ನಾವು ಗಡಿಯ ಆಚೆಗೆ ಉಳಿದೆವು. ಅಕ್ಕಲಕೋಟೆ ತಾಲೂಕನ್ನೂ ಜತ್ತ, ದಕ್ಷಿಣ ಸೊಲ್ಲಾಪುರಗಳ ಅನೇಕ ಹಳ್ಳಿಗಳನ್ನೂ ಕನ್ನಡ ನಾಡಿಗೆ ಸೇರಿಸಬೇಕೆಂದು 1967ರಲ್ಲಿ ಮಹಾಜನ ಆಯೋಗವು ಹೇಳಿತು. ಆ ಮಾತು ಕಾಗದದಲ್ಲಿಯೇ ಉಳಿಯಿತು. 2004ರಲ್ಲಿ ಮಹಾರಾಷ್ಟ್ರವು ಸರ್ವೋಚ್ಚ ನ್ಯಾಯಾಲಯದಲ್ಲಿ ದಾವೆ ಹೂಡಿತು. ಗಡಿಯ ಪ್ರಶ್ನೆ ದಶಕಗಟ್ಟಲೆ ಕಾಯಬಲ್ಲದು. ನಮ್ಮ ಹೊಲದ ಪ್ರಶ್ನೆ ಅರವತ್ತು ದಿನಗಳಾಚೆ ಕಾಯುವುದಿಲ್ಲ.

ನಮ್ಮ ಭೂಮಿಯ ಮೇಲೆ ನಡೆಯುವುದು 1966ರ ಮಹಾರಾಷ್ಟ್ರ ಭೂಕಂದಾಯ ಸಂಹಿತೆ. ಅದರಂತೆ ತಹಸೀಲ್ದಾರರ ಆಜ್ಞೆಯ ಮೇಲಿನ ಅಪೀಲು ಪ್ರಾಂತ ಅಧಿಕಾರಿಗಳಿಗೆ; ಪ್ರಾಂತರ ಆಜ್ಞೆಯ ಮೇಲಿನದು ಜಿಲ್ಲಾಧಿಕಾರಿಗಳಿಗೆ; ಜಿಲ್ಲಾಧಿಕಾರಿಗಳ ಮೇಲಿನದು ಪುಣೆಯ ವಿಭಾಗೀಯ ಆಯುಕ್ತರಿಗೆ. ಅಪೀಲುಗಳು ಎರಡನ್ನು ಮೀರಕೂಡದು. ಆ ಬಳಿಕ ಉಳಿಯುವುದು ಪುನರೀಕ್ಷಣೆ. ಅದು ಅಪೀಲಿನಂತೆ ನಮ್ಮ ಹಕ್ಕಲ್ಲ; ಕೆಳಗಿನವರ ಕಡತವನ್ನು ತರಿಸಿ ನೋಡಲು ಮೇಲಧಿಕಾರಿಗಳಿಗೂ ರಾಜ್ಯ ಸರಕಾರಕ್ಕೂ ಇರುವ ಅಧಿಕಾರ. ಅವರು ನೋಡಿದರೆ ಉಂಟು, ನೋಡದಿದ್ದರೆ ಇಲ್ಲ.

ಇದು ಸರಕಾರಿ ಜಮೀನು, ನಿನ್ನದಲ್ಲ ಎಂಬ ವ್ಯಾಜ್ಯ ಬಂದಾಗ ಸಂಕಟ ಇನ್ನೂ ಹೆಚ್ಚು. ಸಂಹಿತೆಯ 20ನೆಯ ಕಲಮಿನಂತೆ ಅದನ್ನು ವಿಚಾರಿಸಿ ತೀರ್ಮಾನಿಸುವವರು ಜಿಲ್ಲಾಧಿಕಾರಿಗಳು. ಜಮೀನು ತನ್ನದೆನ್ನುವುದೂ ಸರಕಾರ, ನಿರ್ಣಯ ಹೇಳುವವರೂ ಸರಕಾರದ ಅಧಿಕಾರಿಗಳು! ಆದುದರಿಂದಲೇ ಇಲ್ಲಿ ಮೇಲಿನ ಮೆಟ್ಟಿಲು ಬಡವನ ಪ್ರಾಣ. ಆ ಆಜ್ಞೆಯನ್ನು ರದ್ದುಪಡಿಸಲು ದಿವಾಣಿ ನ್ಯಾಯಾಲಯಕ್ಕೆ ಹೋಗುವುದಾದರೆ ಒಂದೇ ವರ್ಷದ ಗಡುವು. ಅಪೀಲನ್ನು ವಾಯಿದೆಯೊಳಗೆ ಮಾಡಿದ್ದರೆ ಆ ವರ್ಷದ ಎಣಿಕೆ ಕೊನೆಯ ಅಪೀಲಿನ ತೀರ್ಪಿನಿಂದ. ಮಾಡದಿದ್ದರೆ ಮೊದಲ ಆಜ್ಞೆಯಿಂದಲೇ. ಒಂದು ವಾಯಿದೆ ತಪ್ಪಿದವನಿಗೆ ಎರಡನೆಯದೂ ಬೇಗನೆ ತಪ್ಪುತ್ತದೆ.

ಆ ವಾಯಿದೆ ಎಷ್ಟು? ಜಿಲ್ಲಾಧಿಕಾರಿಗಳಿಗಿಂತ ಕೆಳಗಿನವರ ಆಜ್ಞೆಯ ಮೇಲೆ 60 ದಿನ; ಮಿಕ್ಕವುಗಳಿಗೆ 90 ದಿನ. ನಕಲು ಪಡೆಯಲು ಹಿಡಿದ ಕಾಲ ಇದರಲ್ಲಿ ಸೇರದು. ಎಣಿಕೆ ಮಾತ್ರ ಆಜ್ಞೆಯು ಕೈಗೆ ಬಂದ ದಿನದಿಂದ, ಅರ್ಥವಾದ ದಿನದಿಂದಲ್ಲ. ನಮ್ಮ ಗೋಳೆಲ್ಲ ಇಲ್ಲಿಯೇ ಇದೆ. ಕನ್ನಡ ಶಾಲೆಯಲ್ಲಿ ನಾಲ್ಕಕ್ಷರ ಕಲಿತ ರೈತನ ಕೈಗೆ ಮರಾಠಿಯ ಕಾಗದ ಬರುತ್ತದೆ. ಆತ ಅದನ್ನು ಮಡಿಚಿ ಮಾಡದಲ್ಲಿ ಇಡುತ್ತಾನೆ. ಅರ್ಥ ತಿಳಿಯುವುದು ಜೆ.ಸಿ.ಬಿ. ಯಂತ್ರ ಬದುವಿಗೆ ಬಂದು ನಿಂತಾಗ!

ಇಲ್ಲಿರುವವರು ಮರಾಠಿ ಕಲಿಯಬಾರದೇ ಎನ್ನುವವರುಂಟು. ಮರಾಠಿಯ ಮೇಲೆ ನಮಗೆ ದ್ವೇಷವಿಲ್ಲ; ಸಂತೆಯಲ್ಲಿ, ನೆಂಟಸ್ತಿಕೆಯಲ್ಲಿ ಅದನ್ನು ನಾವು ಆಡಿದ್ದೇವೆ. ಸಂತೆಯ ಮಾತು ಬೇರೆ, ಕಚೇರಿಯ ಬರಹ ಬೇರೆ. ವಕೀಲರಿದ್ದಾರಲ್ಲ ಎನ್ನುವವರೂ ಉಂಟು. ಮನೆಗೆ ಬೆಂಕಿ ಬಿದ್ದಿದೆಯೆಂದು ಅರಿತವನಲ್ಲವೇ ನೀರಿಗೆ ಓಡುವವನು? ತಡವಾದರೂ ಸಕಾರಣವಿದ್ದರೆ ಅಪೀಲನ್ನು ಸ್ವೀಕರಿಸಬಹುದೆಂದು ಸಂಹಿತೆಯಲ್ಲಿದೆಯೆಂಬುದು ನಿಜ. ಆದರೆ ಅದು ಅಧಿಕಾರಿಯ ವಿವೇಚನೆ. ನಾವು ಕೇಳುವುದು ದಯೆಯನ್ನಲ್ಲ, ನ್ಯಾಯವನ್ನು.

ಈ ನ್ಯಾಯಕ್ಕೆ ಆಧಾರವಿಲ್ಲದಿಲ್ಲ. ಕುಂದುಕೊರತೆಯ ಅಹವಾಲನ್ನು ದೇಶದಲ್ಲಿ ಅಥವಾ ರಾಜ್ಯದಲ್ಲಿ ಬಳಕೆಯಲ್ಲಿರುವ ಭಾಷೆಯಲ್ಲಿ ಸಲ್ಲಿಸುವ ಹಕ್ಕನ್ನು ಸಂವಿಧಾನದ 350ನೆಯ ಅನುಚ್ಛೇದವು ಕೊಟ್ಟಿದೆ. ಭಾಷಾ ಅಲ್ಪಸಂಖ್ಯಾತರು ನೂರಕ್ಕೆ 15ರಷ್ಟಿರುವ ಕಡೆ ಮುಖ್ಯ ನಿಯಮಗಳನ್ನೂ ಪ್ರಕಟನೆಗಳನ್ನೂ ಅವರ ಭಾಷೆಯಲ್ಲಿ ಹೊರಡಿಸಬೇಕೆಂಬ ಒಪ್ಪಿಗೆಯೂ ಇದೆ. ಹೊಲ ಕಳೆಯುವ ನೋಟೀಸಿಗಿಂತ ಮುಖ್ಯವಾದ ಪ್ರಕಟನೆ ಯಾವುದು?

ಆದುದರಿಂದ ನಮ್ಮ ಬೇಡಿಕೆಗಳು ಮೂರು:

1. ಕನ್ನಡ ಹಳ್ಳಿಗಳಲ್ಲಿ ಭೂಮಿಯ ನೋಟೀಸು, ಆಜ್ಞೆಗಳ ಜೊತೆಗೆ ಕನ್ನಡ ಅನುವಾದವಿರಬೇಕು.

2. ಅಪೀಲು ಯಾರಲ್ಲಿ, ಎಷ್ಟು ದಿನಗಳೊಳಗೆ ಎಂಬುದನ್ನು ಆಜ್ಞೆಯ ಕೊನೆಗೆ ಕನ್ನಡದಲ್ಲಿ ಬರೆಯಬೇಕು.

3. ಕನ್ನಡದ ಅರ್ಜಿಗೆ ಕಚೇರಿಯು ಪೋಚು ಕೊಡಬೇಕು.

ಇವು ಈಡೇರುವವರೆಗೆ ಕೈಕಟ್ಟಿ ಕೂಡ್ರುವುದು ಬೇಡ. ಕರ್ನಾಟಕಕ್ಕೆ ಸೇರಿದ ಮೇಲೆ ಎಲ್ಲ ಸರಿಹೋದೀತೆಂದು ಹೇಳುವ ನಮ್ಮ ಮುಂದಾಳುಗಳಿಗೂ ಒಂದು ಮಾತು: ಹೊಲ ಹೋದ ಮೇಲೆ ಬರುವ ಗಡಿಯಿಂದ ರೈತನಿಗೇನು ಫಲ? ಬಾಂಧವರೇ, ಕಾಗದ ಬಂದ ದಿನವನ್ನು ಅದರ ಬೆನ್ನ ಮೇಲೆಯೇ ಬರೆದಿಡಿರಿ. ಅಂದೇ ಓದಬಲ್ಲವರಿಂದ ಓದಿಸಿರಿ. ನಕಲಿಗೆ ಅರ್ಜಿ ಹಾಕಿ ಪೋಚು ಪಡೆಯಿರಿ. ಅಪೀಲಿನೊಡನೆ ಆಜ್ಞೆಗೆ ತಡೆಯನ್ನೂ ಕೇಳಿರಿ. ಊರಿಗಿಬ್ಬರು ಓದಿದ ತರುಣರು ಈ ಕೆಲಸಕ್ಕೆ ಟೊಂಕ ಕಟ್ಟಲಿ. ಗಡಿಗಾಗಿ ಹೋರಾಡುವ ನಾವು ಮೊದಲು ಬದುವನ್ನು ಉಳಿಸಿಕೊಳ್ಳೋಣ.