ಭೂಮಿಯಲ್ಲಿ ಇನ್ನು 60 ಬೆಳೆ ಮಾತ್ರ ಬಾಕಿಯೇ? ಫಾರ್ವರ್ಡ್ ಮಾಡುವ ಮುನ್ನ ಓದಿ

ಜಗತ್ತಿನ ಮಣ್ಣು ಸಾಯುತ್ತಿದೆ, ಇನ್ನು 60 ಬೆಳೆ ಮಾತ್ರ ತೆಗೆಯಬಹುದು ಎನ್ನುವ ಸಂದೇಶ ನಿಮ್ಮ ಗ್ರೂಪಿಗೂ ಬಂದಿರಬಹುದು. ಅದರ ಕೆಳಗೇ ಮಣ್ಣಿಗೆ ಜೀವ ತುಂಬುವ ಪುಡಿಯ ಜಾಹೀರಾತು ಇದ್ದರೂ ಅಚ್ಚರಿಯಿಲ್ಲ. ಹಲಸಂಗಿಯ ಎರೆಹೊಲದ ರೈತರು ಇದನ್ನು ನಂಬಿ ಸಾಲ ಮಾಡಿ ಪುಡಿ ತರಬೇಕೇ?

ಈ ಲೆಕ್ಕ ಎಲ್ಲಿಂದ ಬಂತು?

2014ರ ವಿಶ್ವ ಮಣ್ಣು ದಿನದ ಸಭೆಯಲ್ಲಿ ವಿಶ್ವಸಂಸ್ಥೆಯ ಆಹಾರ ಮತ್ತು ಕೃಷಿ ಸಂಸ್ಥೆಯ ಅಧಿಕಾರಿ ಮರಿಯಾ ಹೆಲೆನಾ ಸೆಮೆದೊ ಅವರು, ಮಣ್ಣಿನ ನಾಶ ಹೀಗೇ ಮುಂದುವರಿದರೆ 60 ವರ್ಷಗಳಲ್ಲಿ ಮೇಲ್ಮಣ್ಣು ಮುಗಿಯಬಹುದು ಎಂದಿದ್ದು ಸುದ್ದಿಯಾಯಿತು. 2020ರಲ್ಲಿ ವಿಜ್ಞಾನಿಗಳು 38 ದೇಶಗಳ 255 ಜಾಗಗಳ ಸವಕಳಿ ಮಾಹಿತಿ ಕಲೆಹಾಕಿದರು. ವಾಡಿಕೆಯ ಬೇಸಾಯದ ಹೊಲಗಳಲ್ಲಿ 90%ಕ್ಕೂ ಹೆಚ್ಚು ಕಡೆ ಮಣ್ಣು ತೆಳುವಾಗುತ್ತಿತ್ತು. ಆದರೆ 100 ವರ್ಷದೊಳಗೆ ಮುಗಿಯಬಹುದಾದದ್ದು ಸುಮಾರು 16% ಮಾತ್ರ. ಅಂದರೆ ಅಪಾಯ ನಿಜ, ಎಲ್ಲ ಹೊಲಕ್ಕೂ ಒಂದೇ ಗಡುವು ಎನ್ನುವುದು ಸುಳ್ಳು.

ಮಣ್ಣು ಓದಲು ಎಷ್ಟು ಕಾಲ ಬೇಕು?

ನಮ್ಮ ಸೀಮೆಯಲ್ಲೇ ಉದಾಹರಣೆಯಿದೆ. ಆಗ ವಿಜಯಪುರ, ಸೊಲ್ಲಾಪುರ ಎರಡೂ ಮುಂಬೈ ಪ್ರಾಂತ್ಯದಲ್ಲಿದ್ದವು. ಪುಣೆ ಬಳಿಯ ಮಾಂಜರಿಯಲ್ಲಿ 1923ರಲ್ಲಿ ತಮ್ಹಾಣೆ ಒಣಬೇಸಾಯದ ಸಂಶೋಧನೆ ಶುರು ಮಾಡಿದರು. 1926ರಿಂದ ಅದನ್ನು ಎನ್. ವಿ. ಕಾನಿಟ್ಕರ್ ಮುಂದುವರಿಸಿದರು. 1933ರಿಂದ 1935ರೊಳಗೆ ಸೊಲ್ಲಾಪುರ, ವಿಜಯಪುರ, ರಾಯಚೂರು, ಹಗರಿ ಮತ್ತು ರೋಹ್ಟಕ್‌ನಲ್ಲಿ ಸಂಶೋಧನಾ ಕೇಂದ್ರಗಳು ಬಂದವು. ಕಾನಿಟ್ಕರ್ ಅವರ ಒಣಬೇಸಾಯದ ಪುಸ್ತಕ ಹೊರಬಂದದ್ದು 1944ರಲ್ಲಿ.

ಇಷ್ಟು ವರ್ಷಗಳ ದುಡಿಮೆಯಿಂದ ಸಿಕ್ಕಿದ್ದೇನು? ಒಡ್ಡು ಹಾಕಿ, ಮೂರು ವರ್ಷಕ್ಕೊಮ್ಮೆ ಆಳವಾಗಿ ಉಳಿ, ತಿಪ್ಪೆಗೊಬ್ಬರ ಕೊಡಿ, ಬೀಜ ಕಡಿಮೆ ಮಾಡಿ ಸಾಲಿನ ಅಂತರ ಹೆಚ್ಚಿಸಿ ಎಂಬ ಸಲಹೆ. ಇಳುವರಿ ಏರಿದ್ದು 15ರಿಂದ 20% ಅಷ್ಟೇ. ಪವಾಡವಲ್ಲ, ಆದರೆ ಅಳೆದು ನೋಡಿ ಹೇಳಿದ ಮಾತು.

ಹಾಗಾದರೆ ನಾವು ಮಾಡಬೇಕಾದದ್ದೇನು?

ವಿಜಯಪುರ ಜಿಲ್ಲೆಯಲ್ಲಿ ವರ್ಷಕ್ಕೆ ಬೀಳುವುದು ಸುಮಾರು 600 ಮಿಲಿಮೀಟರ್ ಮಳೆ. ಹಿಂಗಾರಿ ಜೋಳ ಬೆಳೆಯುವುದು ಬಹುಪಾಲು ಎರೆಮಣ್ಣು ಹಿಡಿದಿಟ್ಟ ಹಸಿಯ ಮೇಲೆ. ದೊಡ್ಡ ಮಳೆಗೆ ನೀರು ಹರಿದುಹೋದರೆ ಮೇಲ್ಮಣ್ಣೂ ಅದರ ಜೊತೆಗೇ ಹೋಗುತ್ತದೆ. ಬಿತ್ತುವ ಮುನ್ನ ಚೌಕುಮಡಿ ಮಾಡಿದರೆ ನೀರು ಅಲ್ಲೇ ನಿಂತು ಇಂಗುತ್ತದೆ, ಮಣ್ಣೂ ಉಳಿಯುತ್ತದೆ.

ದೊಡ್ಡ ಮಳೆ ಬಂದಾಗ ನಿಮ್ಮ ಹೊಲದಿಂದ ಹೊರಬೀಳುವ ನೀರಿನ ಬಣ್ಣ ನೋಡಿ. ಕೆಸರಾಗಿದ್ದರೆ ಹೋಗುತ್ತಿರುವುದು ನಿಮ್ಮದೇ ಮಣ್ಣು. ಪುಡಿಗೆ ಹಣ ಹಾಕುವ ಮುನ್ನ ಒಡ್ಡು ಸರಿಮಾಡಿ, ಮಣ್ಣು ಪರೀಕ್ಷೆ ಮಾಡಿಸಿ. 60ರ ಲೆಕ್ಕ ಮತ್ತೆ ಗ್ರೂಪಿಗೆ ಬಂದರೆ, ಯಾವ ಊರಿನ ಹೊಲ, ಎಷ್ಟು ವರ್ಷ ಅಳೆದಿದ್ದಾರೆ ಎಂದು ಕೇಳಿ. ಉತ್ತರ ಬರುವವರೆಗೆ ಮುಂದೆ ಕಳಿಸಬೇಡಿ.