ಜಾತ್ರೆ ದಿನ ಎಣಿಸಬೇಡಿ ಅಂದ್ರೆ ಹೇಗೆ ಸ್ವಾಮಿ?

ರಸ್ತೆ ಬದಿಯಲ್ಲಿ ಕುರ್ಚಿ ಹಾಕಿಕೊಂಡು, ಹೋಗೋ ಬರೋ ಗಾಡಿಗಳಿಗೆಲ್ಲ ಕಾಗದದ ಮೇಲೆ ಗೀಟು ಎಳೆಯುತ್ತಾ ಕೂತ ಹುಡುಗರನ್ನು ನೀವೂ ನೋಡಿರ್ತೀರಿ. ಅದಕ್ಕೆ ಟ್ರಾಫಿಕ್ ಸೆನ್ಸಸ್ ಅಂತ ಹೆಸರು. ಮುಂದಿನ ಹತ್ತು ಹದಿನೈದು ವರ್ಷಕ್ಕೆ ರಸ್ತೆ ಎಷ್ಟು ಅಗಲ ಬೇಕು ಅನ್ನೋ ಲೆಕ್ಕ ಶುರುವಾಗೋದು ಆ ಗೀಟುಗಳಿಂದಲೇ. ವರ್ಷಕ್ಕೆ 5 ಪರ್ಸೆಂಟ್ ಬೆಳವಣಿಗೆ ಅಂತ ಹಿಡಿದರೆ 15 ವರ್ಷದಲ್ಲಿ ಸಂಖ್ಯೆ ಎರಡರಷ್ಟಾಗುತ್ತೆ. ಗೀಟು ತಪ್ಪಿದ್ದರೆ? ತಪ್ಪೂ ಎರಡರಷ್ಟು!

ಊರಾಚೆಯ ರಸ್ತೆಗಳಲ್ಲಿ ಎಣಿಕೆ ಹೇಗೆ ಮಾಡಬೇಕು ಅಂತ ಇಂಡಿಯನ್ ರೋಡ್ಸ್ ಕಾಂಗ್ರೆಸ್ 1972ರಲ್ಲಿ ಒಂದು ಕೈಪಿಡಿ ತಂದಿತ್ತು. ವರ್ಷಕ್ಕೆ ಎರಡು ಸಲ, ಪ್ರತಿ ಸಲ ಸತತ ಏಳು ದಿನ. ಒಂದು ಸುಗ್ಗಿ ಕಾಲದಲ್ಲಿ, ಇನ್ನೊಂದು ಬಿಡುವಿನ ಕಾಲದಲ್ಲಿ. ಇಲ್ಲಿವರೆಗೆ ಸರಿಯೇ. ಆದರೆ ಅದರಲ್ಲೇ ಇನ್ನೊಂದು ಮಾತಿದೆ. ಜಾತ್ರೆ, ವಸ್ತುಪ್ರದರ್ಶನ ಇದ್ದರೆ ಅದು ಅಸಹಜ ಪರಿಸ್ಥಿತಿ, ಎಣಿಕೆ ಮುಂದಕ್ಕೆ ಹಾಕಿ ಅಂತ.

ಈಗ ನಮ್ಮ ಗಂಜಾಂಗೆ ಬನ್ನಿ. ಕಾವೇರಿ ದಡದಲ್ಲಿ ನಿಮಿಷಾಂಬ ಗುಡಿ, ದಾರಿಯಲ್ಲಿ ದರಿಯಾ ದೌಲತ್, ಆಚೆಗೆ ಗುಂಬಜ್, ಸಂಗಮ. ಅಮಾವಾಸ್ಯೆ, ಹುಣ್ಣಿಮೆ ಬಂದರೆ ಜನವೋ ಜನ. ಪಾಂಡವಪುರ, ಕೆ.ಆರ್.ಪೇಟೆ, ನಾಗಮಂಗಲ ಕಡೆಯವರೂ ಬರ್ತಾರೆ, ಬೆಂಗಳೂರಿನವರೂ ಬರ್ತಾರೆ. ಇದರಲ್ಲಿ ಅಸಹಜ ಯಾವುದು ಸ್ವಾಮಿ? ಯಾವತ್ತು ಅಮಾವಾಸ್ಯೆ ಅನ್ನೋದು ಪಂಚಾಂಗದಲ್ಲಿ ಮೊದಲೇ ಅಚ್ಚಾಗಿರುತ್ತೆ. ಇದಕ್ಕಿಂತ ಗ್ಯಾರಂಟಿ ಫೋರ್‌ಕಾಸ್ಟ್ ಯಾವ ಕಂಪ್ಯೂಟರ್ ಕೊಟ್ಟೀತು? :-)

ಆ ನಿಯಮದ ಹಿಂದಿನ ತರ್ಕ ನನಗೆ ಅರ್ಥ ಆಗುತ್ತೆ. ವರ್ಷಕ್ಕೊಂದು ದಿನದ ಜಾತ್ರೆಗೆ ಅಂತ ರಸ್ತೆ ಅಗಲ ಮಾಡಿದರೆ ದುಡ್ಡು ದಂಡ. ನಿಜ. ಆದರೆ ತಿಂಗಳಿಗೆ ಎರಡು ಸಲ ಬರೋದು ಜಾತ್ರೆ ಅಲ್ಲ, ಅದೇ ಈ ಊರಿನ ಸಹಜ ಸ್ಥಿತಿ. ಅದಕ್ಕೆ ಅಗಲ ರಸ್ತೆ ಬೇಡ, ಆ ದಿನಗಳಿಗೆ ಹೆಚ್ಚಿನ ಬಸ್ಸು, ಊರಾಚೆ ಪಾರ್ಕಿಂಗ್, ನಡೆಯೋರಿಗೆ ಜಾಗ ಸಾಕು. ಎಣಿಸದೇ ಬಿಟ್ಟರೆ ಅದನ್ನು ಕೇಳೋಕೂ ಆಧಾರ ಇರಲ್ಲ.

ಎಣಿಸಿದರೂ ಏನನ್ನ ಎಣಿಸ್ತಾರೆ ನೋಡಿ. ಲೆಕ್ಕ ನಡೆಯೋದು ಪಿಸಿಯು ಅನ್ನೋ ಅಳತೆಯಲ್ಲಿ. ಒಂದು ಗಾಡಿ ಎಷ್ಟು ಕಾರುಗಳಷ್ಟು ಜಾಗ ತಿನ್ನುತ್ತೆ ಅನ್ನೋ ಅಂದಾಜು ಅದು. ಅದೇ ಸಂಸ್ಥೆಯ 1990ರ ಕೈಪಿಡಿ ಪ್ರಕಾರ ಕಾರು 1, ಬೈಕು ಅರ್ಧ, ಬಸ್ಸು 3, ನಮ್ಮ ಕಬ್ಬಿನ ಗಾಡಿಯಂಥ ಎತ್ತಿನಗಾಡಿ 8. ಐವತ್ತು ಜನ ತುಂಬಿದ ಬಸ್ಸು ಒಬ್ಬೊಬ್ಬರೇ ಕೂತ ಮೂರು ಕಾರಿಗೆ ಸಮ! ಸೀರೆ ಎತ್ತಿ ಕಟ್ಟಿಕೊಂಡು ಗುಡಿವರೆಗೆ ನಡೆಯೋ ಅಜ್ಜಿಗೆ ಆ ಪಟ್ಟಿಯಲ್ಲಿ ನಂಬರೇ ಇಲ್ಲ.

ಇನ್ನು ಮನೆಯಿಂದ ಹೊರಡಲೇ ಆಗದವರ ಕಥೆ. 2023ರ ಜೂನ್ 11ಕ್ಕೆ ಶಕ್ತಿ ಯೋಜನೆ ಶುರುವಾಗಿ ಹೆಂಗಸರಿಗೆ ಬಸ್ ಟಿಕೆಟ್ ಫ್ರೀ ಆಯ್ತು. ಮೊದಲ ವಾರಗಳಲ್ಲೇ ಧರ್ಮಸ್ಥಳದಂಥ ಕಡೆಗೆ ಬಸ್ಸುಗಳು ತುಂಬಿ ತುಳುಕಿದವು. ಆ ಆಸೆ ಜೂನ್ 11ರಂದು ಹುಟ್ಟಿದ್ದಲ್ಲ, ದುಡ್ಡಿಲ್ಲದೆ ಅದುಮಿಟ್ಟಿದ್ದು. ರಸ್ತೆಗೇ ಬರದವರನ್ನು ರಸ್ತೆ ಬದಿ ಕೂತು ಎಣಿಸೋಕಾಗುತ್ತಾ? ಮನೆ ಬಾಗಿಲಿಗೆ ಹೋಗಿ ಕೇಳಬೇಕು. ಅಲ್ಲೂ "ಕೆಲಸಕ್ಕೆ ಎಲ್ಲಿಗೆ ಹೋಗ್ತೀರಿ" ಅಂತ ಯಜಮಾನರನ್ನು ಮಾತ್ರ ಕೇಳಿದರೆ ಸಾಲದು. "ಎಲ್ಲಿಗೆ ಹೋಗಬೇಕು ಅಂದ್ಕೊಂಡು ಸುಮ್ಮನಾದ್ರಿ ತಾಯಿ" ಅಂತಲೂ ಕೇಳಬೇಕು.

ಇದು ನಮ್ಮೂರ ಗೊಣಗಾಟ ಮಾತ್ರ ಅಲ್ಲ. ಬೆಂಟ್ ಫ್ಲಿವ್‌ಬ್ಯೆರ್ಗ್ ಮತ್ತು ಜೊತೆಗಾರರು 2005ರಲ್ಲಿ 14 ದೇಶಗಳ 210 ಯೋಜನೆಗಳ ಅಂದಾಜನ್ನು ನಿಜದ ಜೊತೆ ಹೋಲಿಸಿ ನೋಡಿದ್ದರು. ರೈಲು ಯೋಜನೆಗಳಲ್ಲಿ ಹತ್ತರಲ್ಲಿ ಒಂಬತ್ತು ಜನರನ್ನು ಹೆಚ್ಚಾಗಿ ಅಂದಾಜು ಮಾಡಿದ್ದವು. ರಸ್ತೆಗಳಲ್ಲಿ ಅರ್ಧದಷ್ಟು 20 ಪರ್ಸೆಂಟಿಗಿಂತ ಹೆಚ್ಚು ಆಚೀಚೆ. ದೊಡ್ಡ ದೊಡ್ಡ ದೇಶಗಳ ಕಥೆಯೇ ಹೀಗಿರುವಾಗ ಏಳು ದಿನದ ಗೀಟುಗಳನ್ನು ವೇದವಾಕ್ಯ ಅಂದುಕೊಳ್ಳೋದು ಬೇಡ.

ನಾನು ಕೇಳೋದು ಮೂರೇ. ಪಂಚಾಂಗ ನೋಡಿ ಅಮಾವಾಸ್ಯೆ, ಹುಣ್ಣಿಮೆಗೆ ಬೇರೆ ಎಣಿಕೆ ಮಾಡಿ. ಗಾಡಿ ಜೊತೆ ತಲೆಯನ್ನೂ ಎಣಿಸಿ. ಬರದೇ ಇದ್ದವರನ್ನೂ ಕೇಳಿ. ಇದಕ್ಕೇನು ಕೋಟಿಗಟ್ಟಲೆ ಖರ್ಚಿಲ್ಲ, ಇನ್ನೊಂದಿಷ್ಟು ಗೀಟು ಅಷ್ಟೇ.

ನಿಮ್ಮೂರಲ್ಲೂ ಒಂದು ಸಂತೆಯೋ, ಉರುಸೋ, ತೇರೋ ಇದ್ದೇ ಇರುತ್ತಲ್ಲ? ಆ ದಿನ ಬರೋ ಜನ ಯಾವ ಲೆಕ್ಕದಲ್ಲಿದ್ದಾರೆ? ಏನಂತೀರಿ?