ಮುಂದಿನ ಭಾಗ ಯಾರ ಕೈಯಲ್ಲಿದೆ

ವೈಜ್ಞಾನಿಕ ಕಥೆಗಳ ವಿಡಿಯೊ ಗೇಮ್‌ಗಳಲ್ಲಿ ‘ಹಾಫ್-ಲೈಫ್’ನಷ್ಟು ಜನರನ್ನು ಕಾಯಿಸಿದ ಸರಣಿ ವಿರಳ. 1998ರಲ್ಲಿ ಅಮೆರಿಕದ ವಾಲ್ವ್ ಕಂಪನಿ ಮೊದಲ ಭಾಗ ತಂದಿತು. ಬ್ಲ್ಯಾಕ್ ಮೆಸಾ ಎಂಬ ಸಂಶೋಧನಾ ಕೇಂದ್ರದಲ್ಲಿ ಒಂದು ಪ್ರಯೋಗ ಕೈಮೀರುತ್ತದೆ, ಬೇರೆ ಲೋಕದ ಜೀವಿಗಳು ಒಳನುಗ್ಗುತ್ತವೆ, ಗಾರ್ಡನ್ ಫ್ರೀಮನ್ ಎಂಬ ಭೌತವಿಜ್ಞಾನಿ ಒಂದು ಕಬ್ಬಿಣದ ಸಲಾಕೆ ಹಿಡಿದು ಜೀವ ಉಳಿಸಿಕೊಳ್ಳಬೇಕು. 2004ರಲ್ಲಿ ಎರಡನೇ ಭಾಗ ಬಂತು. ಅದರ ಬಾಲದಂತೆ 2007ರಲ್ಲಿ ಬಂದ ಕಂತು, ಮಗಳ ಕಣ್ಣೆದುರೇ ತಂದೆ ಸಾಯುವಲ್ಲಿಗೆ ನಿಂತುಬಿಟ್ಟಿತು. 2020ರ ‘ಹಾಫ್-ಲೈಫ್: ಅಲಿಕ್ಸ್’ ಬಹುಪಾಲು ಹಿಂದಿನ ಕಥೆ. ಅದನ್ನು ಆಡಲು ತಲೆಗೆ ಹಾಕಿಕೊಳ್ಳುವ ದುಬಾರಿ ವಿಆರ್ ಸಾಧನ ಬೇರೆ ಬೇಕು. ಹೀಗಾಗಿ ಈ ಸರಣಿಗೆ ಭವಿಷ್ಯ ಇದೆಯೇ ಎಂಬ ಮಾತು ಬಂದಾಗಲೆಲ್ಲ ಜನ ಕೇಳುವುದು ಒಂದೇ: ಮೂರನೇ ಭಾಗ ಯಾವಾಗ?

ನನಗೆ ಆ ಪ್ರಶ್ನೆಯೇ ಚಿಕ್ಕದು ಅನಿಸುತ್ತದೆ. ಒಂದು ಸರಣಿಯ ಆಯುಷ್ಯ ಒಡೆಯನು ಬಿಡುಗಡೆ ಮಾಡುವ ಮುಂದಿನ ಭಾಗದಲ್ಲಿಲ್ಲ. ಆಡುವವರಿಗೆ ಅದರೊಳಗೆ ಕೈಹಾಕಿ ಏನಾದರೂ ಕಟ್ಟಲು ಬಿಟ್ಟಿದ್ದಾರೆಯೇ ಎಂಬುದರಲ್ಲಿದೆ. ಇದನ್ನು ನಾನು ಕಲಿತದ್ದು ಕಲಬುರಗಿಯ ಒಂದು ಹಾಸ್ಟೆಲಿನಲ್ಲಿ.

ನಮ್ಮ ಕಡೆ ಹಾಫ್-ಲೈಫ್ ಹೆಸರು ಕೇಳಿದವರು ಕಡಿಮೆ, ಆದರೆ ‘ಕೌಂಟರ್-ಸ್ಟ್ರೈಕ್’ ಎಂಬ ಆಟ ಆಡದ ಹಾಸ್ಟೆಲ್ ಇರಲಿಲ್ಲ. ಪೆನ್‌ಡ್ರೈವಿನಲ್ಲಿ ರೂಮಿನಿಂದ ರೂಮಿಗೆ ಹೋಗುತ್ತಿದ್ದ ಆ ಆಟದ ಫೋಲ್ಡರ್ ತೆರೆದರೆ ಒಳಗೆ ಎರಡು ಫೋಲ್ಡರ್ ಕಾಣುತ್ತಿದ್ದವು: ಒಂದರ ಹೆಸರು ‘ಸಿಸ್ಟ್ರೈಕ್’, ಇನ್ನೊಂದರದು ‘ವಾಲ್ವ್’. ಜಾಗ ಉಳಿಸಲು ಎರಡನೆಯದನ್ನು ಅಳಿಸಿದರೆ ಆಟ ಶುರುವಾಗುತ್ತಲೇ ಇರಲಿಲ್ಲ. ಆಟ ತೆರೆಯುವ ಕಡತದ ಹೆಸರು ಕೂಡ ಎಚ್‌ಎಲ್, ಅಂದರೆ ಹಾಫ್-ಲೈಫ್. ಕಲಬುರಗಿ, ರಾಯಚೂರಿನ ಕಂಪ್ಯೂಟರುಗಳಲ್ಲಿ ಸಾವಿರಾರು ಹುಡುಗರು ಗಾರ್ಡನ್ ಫ್ರೀಮನ್ನನ ಲೋಕವನ್ನು ಗೊತ್ತಿಲ್ಲದೆಯೇ ಹೊತ್ತು ತಿರುಗಿದರು.

ಇದಾದದ್ದು ಹೇಗೆ? ಹಾಫ್-ಲೈಫ್ ಬಂದ ಮರುವರ್ಷವೇ ವಾಲ್ವ್ ತನ್ನ ಆಟವನ್ನು ಬದಲಿಸಿ ಕಟ್ಟುವ ಸಾಧನಗಳನ್ನು ಎಲ್ಲರಿಗೂ ಬಿಟ್ಟುಕೊಟ್ಟಿತು. ಮಿನ್ ಲೆ, ಜೆಸ್ ಕ್ಲಿಫ್ ಎಂಬ ಇಬ್ಬರು ಹುಡುಗರು ಅದರ ಮೇಲೆ ಕೌಂಟರ್-ಸ್ಟ್ರೈಕ್ ಕಟ್ಟಿದರು. 2000ದಲ್ಲಿ ವಾಲ್ವ್ ಅದನ್ನು ಕೊಂಡು ಅವರನ್ನೂ ಕೆಲಸಕ್ಕೆ ಕರೆದುಕೊಂಡಿತು. ನಕ್ಷೆ ಕಟ್ಟುವ ‘ಹ್ಯಾಮರ್’ ಎಂಬ ಸಾಧನದ ಮೂಲವೂ ‘ಕ್ವೇಕ್’ ಆಟಕ್ಕಾಗಿ ಹವ್ಯಾಸಿಯೊಬ್ಬ ಬರೆದ ತಂತ್ರಾಂಶವೇ. ಹಾಫ್-ಲೈಫ್ ಸ್ವತಃ ಆ ಕ್ವೇಕ್‌ನ ಎಂಜಿನ್ ಮೇಲೆ ನಿಂತದ್ದು. ಮೊದಲ ಭಾಗವನ್ನು ಅಭಿಮಾನಿಗಳು ಹೊಸದಾಗಿ ಕಟ್ಟಿ ‘ಬ್ಲ್ಯಾಕ್ ಮೆಸಾ’ ಎಂದು 2012ರಲ್ಲಿ ಹೊರತಂದಾಗಲೂ ಕಂಪನಿ ಕೋರ್ಟಿಗೆ ಹೋಗಲಿಲ್ಲ, ಮಾರಲು ಅನುಮತಿ ಕೊಟ್ಟಿತು. ಅದು ಪೂರ್ಣಗೊಂಡದ್ದು 2020ರಲ್ಲಿ.

ನಮ್ಮ ಹಾಸ್ಟೆಲಿನ ಒಬ್ಬ ಹುಡುಗ ಅದೇ ಹ್ಯಾಮರ್ ಹಿಡಿದು ನಮ್ಮ ಕಾರಿಡಾರನ್ನೇ ಆಟದೊಳಗೆ ಕಟ್ಟಿದ್ದ. ಟೇಪು ಹಿಡಿದು ಬಾಗಿಲ ಅಗಲ ಅಳೆದ, ಮೆಸ್ಸಿನ ಗೋಡೆಯ ಫೋಟೊ ತೆಗೆದು ಅಂಟಿಸಿದ, ನೀರಿನ ಟ್ಯಾಂಕಿಗೆ ಹತ್ತುವ ಕಬ್ಬಿಣದ ಏಣಿಯನ್ನು ಮೂರು ಸಲ ಕೆಡವಿ ಕಟ್ಟಿದ. ಏಣಿ ಗೋಡೆಗೆ ಸರಿಯಾಗಿ ಹತ್ತದಿದ್ದರೆ ಆಟದಲ್ಲಿ ಮನುಷ್ಯ ನಡುವೆಯೇ ಜಾರುತ್ತಿದ್ದ. ಕಂಪ್ಯೂಟರು ಕಲಿಸುವ ಯಾವ ಪಾಠವೂ ಅವನನ್ನು ಹಾಗೆ ಕೂರಿಸಿದ್ದನ್ನು ನಾನು ನೋಡಲಿಲ್ಲ. ಆ ಹುಡುಗನಿಗೆ ಹಾಫ್-ಲೈಫ್ ಕಥೆ ಎಲ್ಲಿ ನಿಂತಿದೆ ಅಂತ ಗೊತ್ತೇ ಇರಲಿಲ್ಲ. ಆದರೆ ಆ ಸರಣಿಯ ಮುಂದಿನ ಭಾಗ ಕಟ್ಟಿದವರಲ್ಲಿ ಅವನೂ ಒಬ್ಬ ಎಂದು ನಾನು ಹೇಳುತ್ತೇನೆ.

ಬರಲಿರುವ ಕಾಲದ ಕಥೆಗೆ ಕಾಯುವುದು ಈ ನೆಲಕ್ಕೆ ಹೊಸದಲ್ಲ. ನಮ್ಮ ಯಾದಗಿರಿ ಜಿಲ್ಲೆಯ ಕೊಡೇಕಲ್ಲಿನ ಬಸವಣ್ಣನ ಕಾಲಜ್ಞಾನ ಶತಮಾನಗಳಿಂದ ಜನರ ಬಾಯಲ್ಲಿದೆ. ವೀರವಸಂತರಾಯನೆಂಬ ಅರಸ ಬರುತ್ತಾನೆ, ಕಲ್ಯಾಣ ಮತ್ತೆ ಎದ್ದು ನಿಲ್ಲುತ್ತದೆ ಎನ್ನುವುದು ಕಾಲಜ್ಞಾನ ಪರಂಪರೆಯ ದೊಡ್ಡ ಭರವಸೆ. ಅವನು ಬಂದಿಲ್ಲ, ಆದರೂ ಆ ನುಡಿ ಸತ್ತಿಲ್ಲ. ಕಾಲಜ್ಞಾನ ಒಬ್ಬರ ಸೊತ್ತಾಗಿ ಉಳಿಯಲಿಲ್ಲ. ಹಲವು ಕಾಲಜ್ಞಾನಿಗಳು ಹಾಡಿದರು, ಬರ ಬಂದಾಗ, ರಾಜ್ಯ ಬಿದ್ದಾಗ ಜನ ಅದರಲ್ಲಿ ತಮ್ಮ ಕಾಲವನ್ನು ಕಂಡುಕೊಂಡರು. ಅಲ್ಲಿಯೂ ಬೀಗ ಇರಲಿಲ್ಲವೆಂದಲ್ಲ. ಕೊಡೇಕಲ್ ಪರಂಪರೆಯ ಹೊತ್ತಿಗೆಗಳು ಅಮರಗನ್ನಡವೆಂಬ ಗೂಢ ಲಿಪಿಯಲ್ಲಿವೆ, ಬಲ್ಲವರು ಮಾತ್ರ ಓದಬೇಕು. ಹೊತ್ತಿಗೆ ಒಳಗಿದ್ದರೂ ನುಡಿ ಹೊರಗೆ ನಡೆಯಿತು. ಊರಿನ ಮುದುಕರು ಇವತ್ತಿಗೂ ಏನಾದರೂ ವಿಚಿತ್ರ ನಡೆದರೆ ‘ಕಾಲಜ್ಞಾನದಾಗ ಹೇಳ್ಯಾರ’ ಎನ್ನುವುದು ಹೊತ್ತಿಗೆ ಓದಿ ಅಲ್ಲ.

ಹೋಲಿಕೆ ಇಲ್ಲಿಗೆ ನಿಲ್ಲುತ್ತದೆ. ನುಡಿಗೆ ನಾಲಿಗೆ ಸಾಕು, ಗೇಮಿಗೆ ಯಂತ್ರ ಬೇಕು, ಸರ್ವರ್ ಬೇಕು, ಕೋಡ್ ಬೇಕು. ಹಾಗಾಗಿ ಅಲ್ಲಿ ತಾನಾಗಿ ಆದದ್ದನ್ನು ಇಲ್ಲಿ ಒಡೆಯ ಮನಸ್ಸು ಮಾಡಿಯೇ ಕೊಡಬೇಕು.

ಒಡೆಯರು ಹಾಗೇಕೆ ಕೊಡಬೇಕು ಎಂಬ ವಾದವನ್ನು ತಳ್ಳಿಹಾಕುವಂತಿಲ್ಲ. ವರ್ಷಗಟ್ಟಲೆ ನೂರಾರು ಜನರ ಸಂಬಳ ಕೊಟ್ಟವರು ಅವರು. ಎಲ್ಲರಿಗೂ ಬಿಟ್ಟರೆ ಕಸವೂ ಬರುತ್ತದೆ, ಬಂದಿದೆ. ಅಲ್ಲದೆ 2007ರ ಕಂತಿನ ನಂತರ ಬರಬೇಕಿದ್ದ ಮೂರನೇ ಕಂತನ್ನು ವಾಲ್ವ್ ಕೈಬಿಟ್ಟದ್ದಕ್ಕೆ ಕಾರಣವಿದೆ. ಎರಡನೇ ಭಾಗಕ್ಕೆ 20 ವರ್ಷ ತುಂಬಿದ 2024ರಲ್ಲಿ ಬಂದ ಸಾಕ್ಷ್ಯಚಿತ್ರದಲ್ಲಿ ಕಂಪನಿಯ ಮುಖ್ಯಸ್ಥ ಗೇಬ್ ನ್ಯೂವೆಲ್, ಕಥೆ ಮುಂದೆ ಹೋಗಲಿ ಎಂಬುದಕ್ಕಷ್ಟೇ ಆಟ ಮಾಡುವುದು ಆಡುವವರ ಬಗ್ಗೆ ಇರುವ ಹೊಣೆಯಿಂದ ನುಣುಚಿಕೊಂಡಂತೆ ಎಂಬ ಅರ್ಥದ ಮಾತಾಡಿದ. ಆ ನಿಷ್ಠೆಯನ್ನು ನಾನು ಗೌರವಿಸುತ್ತೇನೆ. ಇದಕ್ಕೆ ಎದುರಾಗಿ ‘ಹೇಲೊ’ ಸರಣಿ ಇದೆ. ಅದನ್ನು ಹುಟ್ಟಿಸಿದ ಬಂಜಿ ಸಂಸ್ಥೆ ಹೊರನಡೆದ ಮೇಲೂ ಮೈಕ್ರೋಸಾಫ್ಟ್ ಬೇರೆ ತಂಡ ಕಟ್ಟಿ ಭಾಗದ ಮೇಲೆ ಭಾಗ ತಂದಿತು, 2024ರಲ್ಲಿ ಆ ತಂಡದ ಹೆಸರನ್ನೇ ಬದಲಿಸಿತು. ‘ಮಾಸ್ ಎಫೆಕ್ಟ್’ನ ಮೂರನೇ ಭಾಗದ ಅಂತ್ಯಕ್ಕೆ 2012ರಲ್ಲಿ ಜಗತ್ತಿನಾದ್ಯಂತ ಅಭಿಮಾನಿಗಳು ಸಿಟ್ಟಾದರು, ಕಂಪನಿ ಅಂತ್ಯವನ್ನು ಹಿಗ್ಗಿಸಿ ಕೊಟ್ಟಿತು. 2025ರ ಸೆಪ್ಟೆಂಬರಿನಲ್ಲಿ ಅದರ ಒಡೆಯ ಇಎ ಕಂಪನಿಯನ್ನೇ 55 ಶತಕೋಟಿ ಡಾಲರಿಗೆ ಕೊಳ್ಳುವ ಒಪ್ಪಂದ ಘೋಷಣೆಯಾಯಿತು, ಅದರಲ್ಲಿ 20 ಶತಕೋಟಿ ಸಾಲ. ಇನ್ನು ಆ ಆಟದ ಮುಖ್ಯ ಪಾತ್ರ ಕಮಾಂಡರ್ ಶೆಪರ್ಡ್‌ನ ಲೋಕದಲ್ಲಿ ಏನಾಗಬೇಕು ಎಂಬುದರಲ್ಲಿ ಬಡ್ಡಿಯ ಲೆಕ್ಕವೂ ಸೇರುತ್ತದೆ.

ನಮ್ಮ ಜಿಲ್ಲೆಯ ಹತ್ತಿಕುಣಿ ಜಲಾಶಯದ ಏರಿಯ ಮೇಲೆ ಸಂಜೆ ಕೂತು ಮೊಬೈಲಿನಲ್ಲಿ ಆಡುವ ಹುಡುಗರಿಗೆ ಈ ಅಮೆರಿಕದ ಕಥೆಗಳು ದೂರದವು. ಒಡೆತನದ ಬಿಸಿ ಮಾತ್ರ ಅವರಿಗೂ ತಟ್ಟಿದೆ. 2020ರ ಸೆಪ್ಟೆಂಬರಿನಲ್ಲಿ ಸರ್ಕಾರ ಪಬ್ಜಿ ನಿಷೇಧಿಸಿತು, ಅಕ್ಟೋಬರ್ 30ಕ್ಕೆ ಸರ್ವರ್ ನಿಂತಿತು. ಮರುವರ್ಷ ಬೇರೆ ಹೆಸರಲ್ಲಿ ಬಂತು, 2022ರಲ್ಲಿ ಮತ್ತೆ ಆ್ಯಪ್ ಸ್ಟೋರಿನಿಂದ ಮಾಯವಾಯಿತು, 2023ರಲ್ಲಿ ಮರಳಿತು. ‘ನಮ್ದೇನೈತ್ರೀ ಸರ, ಅವ್ರು ಬಂದ್ ಮಾಡಿದ್ರ ಬಂದ್’ ಎಂದ ಒಬ್ಬ ಹುಡುಗ. ನಿಷೇಧ ಸರಿಯೋ ತಪ್ಪೋ ಎಂಬುದು ಬೇರೆ ಚರ್ಚೆ. ನನ್ನ ಚಿಂತೆ ಅವನ ಮಾತಿನದು. ಇಷ್ಟು ಹೊತ್ತು ಕಳೆಯುವ ಜಾಗದಲ್ಲಿ ತನ್ನದೆನ್ನುವುದು ಏನೂ ಇಲ್ಲ ಎಂದು ಅವನು ಸಹಜವಾಗಿ ಒಪ್ಪಿಬಿಟ್ಟಿದ್ದಾನೆ. ಅವನ ಆಟದಲ್ಲಿ ತೆರೆದು ನೋಡುವ ಫೋಲ್ಡರ್ ಇಲ್ಲ. ಜಲಾಶಯದ ಗೇಟುಗಳನ್ನೋ ಯಾದಗಿರಿ ಬೆಟ್ಟದ ಕೋಟೆಯನ್ನೋ ಅದರೊಳಗೆ ಕಟ್ಟುವ ದಾರಿ ಅವನಿಗೆ ಕಂಡಿಲ್ಲ.

ಕಟ್ಟಲು ಬಿಟ್ಟರೆ ಏನಾಗುತ್ತದೆ ಎಂಬುದಕ್ಕೆ ಉದಾಹರಣೆ ಇದೆ: ‘ಡೂಮ್’ ಆಟದ ಮೂಲ ಕೋಡನ್ನು ಇಡ್ ಸಾಫ್ಟ್‌ವೇರ್ 1997ರಲ್ಲಿ ಬಿಟ್ಟುಕೊಟ್ಟಿತು. ಮಂಗಳ ಗ್ರಹದ ಚಂದ್ರರ ಮೇಲೆ ನಡೆಯುವ ಆ 1993ರ ಕಥೆಗೆ ಇಂದಿಗೂ ಜನ ಹೊಸ ಹೊಸ ನಕ್ಷೆ ಕಟ್ಟುತ್ತಿದ್ದಾರೆ, ಕಂಪನಿ ದಿವಾಳಿಯಾಗಲಿಲ್ಲ. ಆದರೆ ‘ದಿ ಕ್ರೂ’ ಎಂಬ ಕಾರಿನ ಆಟವನ್ನು ಯೂಬಿಸಾಫ್ಟ್ 2024ರಲ್ಲಿ ನಿಲ್ಲಿಸಿದಾಗ ಹಣ ಕೊಟ್ಟು ಕೊಂಡವರ ಕೈಯಲ್ಲೂ ಏನೂ ಉಳಿಯಲಿಲ್ಲ. ಅದರ ವಿರುದ್ಧ ಯುರೋಪಿನಲ್ಲಿ ಹತ್ತು ಲಕ್ಷಕ್ಕೂ ಮಿಕ್ಕಿ ಜನ ಮನವಿಗೆ ಸಹಿ ಹಾಕಿದ್ದಾರೆ: ಆಟ ಬಂದ್ ಮಾಡುವುದಾದರೆ ಆಡಲು ಬರುವ ಸ್ಥಿತಿಯಲ್ಲಿ ಬಿಟ್ಟುಹೋಗಿ ಎಂದು. ನಮ್ಮ ದೇಶ 2025ರಲ್ಲಿ ಆನ್‌ಲೈನ್ ಗೇಮಿಂಗ್ ಕಾಯ್ದೆ ತಂದಿತು. ಹಣ ಕಟ್ಟಿ ಆಡುವುದನ್ನು ಅದು ನಿಷೇಧಿಸಿದ್ದು ಒಳ್ಳೆಯದೇ ಆಯಿತು, ಎಷ್ಟೋ ಮನೆ ಉಳಿದಾವು. ಆಡುವವನ ಈ ಹಕ್ಕಿನ ಮಾತನ್ನೂ ಮುಂದೊಂದು ದಿನ ನಮ್ಮ ಶಾಸನಸಭೆಗಳಲ್ಲಿ ಎತ್ತಬೇಕು.

ಹಾಫ್-ಲೈಫ್ ಮೂರನೇ ಭಾಗ ಬರಬಹುದು, ಬಾರದೆಯೂ ಇರಬಹುದು. ಬಂದರೆ ಗಾರ್ಡನ್ ಫ್ರೀಮನ್ ಎಲ್ಲಿಗೆ ಹೋದ ಎಂದು ತಿಳಿಯುವ ಆಸೆ ನನಗೂ ಇದೆ. ಅದಕ್ಕಿಂತ ಮೊದಲು ನಾನು ನೋಡುವುದು, ಅದರ ಜೊತೆ ಹ್ಯಾಮರ್ ಕೊಟ್ಟಿದ್ದಾರೆಯೇ ಎಂದು. ಕೊಟ್ಟಿದ್ದರೆ ಏರಿಯ ಮೇಲಿನ ಆ ಹುಡುಗನಿಗೆ ಒಂದು ಹಳೆಯ ಲ್ಯಾಪ್‌ಟಾಪ್ ಹುಡುಕಿಕೊಡುವುದು ನನ್ನ ಕೆಲಸ.